ಪೈಥಾನ್ ಲ್ಯಾಬಿನಲ್ಲಿ ಸಿಕ್ಕಿದ ಟೆರಿ ಜೋನ್ಸ್

ಐದನೇ ಸೆಮಿಸ್ಟರ್ ಮುಗಿಯುವ ಹೊತ್ತಿಗೆ ನಮ್ಮ ಕಾಲೇಜಿನಲ್ಲಿ ಪ್ಲೇಸ್‌ಮೆಂಟ್ ತರಬೇತಿ ಶುರುವಾಯಿತು. ಹೊರಗಿನಿಂದ ಬಂದಿದ್ದ ಟ್ರೈನರ್ ಒಬ್ಬರು ನಮ್ಮನ್ನೆಲ್ಲ ಸಾಲಾಗಿ ಕರೆದು ರೆಸ್ಯೂಮೆ ನೋಡುತ್ತಿದ್ದರು. ನನ್ನದರಲ್ಲಿ ಕೊನೆಯ ಸಾಲು ಹೀಗಿತ್ತು: 'ಎನ್‌ಎಸ್‌ಎಸ್ ವತಿಯಿಂದ ಪ್ರತಿ ಶನಿವಾರ ಸರ್ಕಾರಿ ಪ್ರಾಥಮಿಕ ಶಾಲೆಯ ಮಕ್ಕಳಿಗೆ ಸ್ಕಿಟ್ ಮತ್ತು ಗೊಂಬೆಯಾಟ'. ಅವರು ಕೆಂಪು ಪೆನ್ನಿನಲ್ಲಿ ಆ ಸಾಲಿನ ಮೇಲೆ ಗೆರೆ ಎಳೆದರು. 'ಇದೆಲ್ಲ ಮಕ್ಕಳಾಟ ಕಣಮ್ಮ. ಸ್ಕಿಲ್ ಇದ್ರೆ ಹಾಕು, ಇಲ್ದಿದ್ರೆ ಖಾಲಿ ಬಿಡು' ಎಂದರು. ಹಿಂದೆ ನಿಂತವರು ನಕ್ಕರು. ನಾನೂ ನಕ್ಕಂತೆ ಮಾಡಿದೆ.

ಅದೇ ರಾತ್ರಿ ಹಾಸ್ಟೆಲಿನಲ್ಲಿ ಪೈಥಾನ್ ಲ್ಯಾಬ್ ಪರೀಕ್ಷೆಗೆ ಓದುತ್ತಿದ್ದೆ. ಪೈಥಾನ್ ಭಾಷೆಯ ಅಧಿಕೃತ ಟ್ಯುಟೋರಿಯಲ್ ತೆರೆದವರು ಗಮನಿಸಿರಬಹುದು, ಅಲ್ಲಿ ಉದಾಹರಣೆಗಳಲ್ಲಿ 'ಸ್ಪ್ಯಾಮ್', 'ಎಗ್ಸ್' ಎಂಬ ಹೆಸರುಗಳು ಬರುತ್ತಲೇ ಇರುತ್ತವೆ. ಸಿ ಭಾಷೆ ಕಲಿಯುವಾಗ ಎ, ಬಿ, ಎಕ್ಸ್, ವೈ ಎಂದು ಬರೆದು ರೂಢಿಯಾದ ನಮಗೆ ಈ ಮೊಟ್ಟೆ ಎಲ್ಲಿಂದ ಬಂತು ಎಂದು ಅನಿಸಿಯೇ ಅನಿಸುತ್ತದೆ. ಅದೇ ಟ್ಯುಟೋರಿಯಲ್‌ನ ಮೊದಲ ಅಧ್ಯಾಯದಲ್ಲೇ ಉತ್ತರವಿದೆ. ಈ ಭಾಷೆಯ ಹೆಸರಿಗೂ ಹಾವಿಗೂ ಸಂಬಂಧವಿಲ್ಲ, ಬಿಬಿಸಿಯ 'ಮಾಂಟಿ ಪೈಥಾನ್ಸ್ ಫ್ಲೈಯಿಂಗ್ ಸರ್ಕಸ್' ಎಂಬ ಹಾಸ್ಯ ಕಾರ್ಯಕ್ರಮದಿಂದ ಬಂದದ್ದು. ಡಾಕ್ಯುಮೆಂಟೇಶನ್ ಬರೆಯುವವರು ಆ ಕಾರ್ಯಕ್ರಮದ ತಮಾಷೆಗಳನ್ನು ನಡುನಡುವೆ ತಂದರೆ ಅಡ್ಡಿಯಿಲ್ಲ, ತಂದರೆ ಖುಷಿಯೇ ಎಂಬ ಅರ್ಥದ ಮಾತೂ ಅಲ್ಲಿದೆ. ಡಚ್ ಪ್ರೋಗ್ರಾಮರ್ ಗೀಡೊ ವಾನ್ ರೋಸಮ್ 1989ರ ಡಿಸೆಂಬರಿನಲ್ಲಿ ಈ ಭಾಷೆಯನ್ನು ಕಟ್ಟಲು ಕೂತಾಗ ಆ ಕಾರ್ಯಕ್ರಮದ ಸ್ಕ್ರಿಪ್ಟ್‌ಗಳನ್ನು ಓದುತ್ತಿದ್ದನಂತೆ.

ಪರೀಕ್ಷೆಗೆ ಓದುವುದು ಅಲ್ಲಿಗೆ ನಿಂತಿತು. ಸ್ಪ್ಯಾಮ್ ತಮಾಷೆ ಯಾವುದು ಎಂದು ಹುಡುಕಿದೆ. ಒಂದು ಸಣ್ಣ ಹೋಟೆಲ್. ಗಂಡ ಹೆಂಡತಿ ತಿಂಡಿಗೆ ಬರುತ್ತಾರೆ. ಮೆನುವಿನಲ್ಲಿ ಇರುವುದು ಹೆಚ್ಚುಕಡಿಮೆ ಎಲ್ಲ ಸ್ಪ್ಯಾಮ್, ಅಂದರೆ ಡಬ್ಬಿಯಲ್ಲಿ ಬರುವ ಹಂದಿ ಮಾಂಸ. ಮೊಟ್ಟೆ ಜೊತೆ ಸ್ಪ್ಯಾಮ್, ಸ್ಪ್ಯಾಮ್ ಜೊತೆ ಸ್ಪ್ಯಾಮ್. ಹೆಂಡತಿಗೆ ಅದು ಬೇಡ. ಬಡಿಸುವ ಹೆಂಗಸು ಬಿಡುವುದಿಲ್ಲ. ಮಾತು ಮುಂದುವರಿಯಬೇಕೆಂದರೆ ಪಕ್ಕದ ಮೇಜಿನಲ್ಲಿ ಕೂತ ವೈಕಿಂಗ್ ಯೋಧರು ಆ ಪದವನ್ನೇ ಹಾಡತೊಡಗುತ್ತಾರೆ. ಯುದ್ಧಕಾಲದ ಬ್ರಿಟನ್ನಿನಲ್ಲಿ ತಾಜಾ ಮಾಂಸ ರೇಷನ್ ಆಗಿದ್ದಾಗ ಈ ಡಬ್ಬಿಯನ್ನೇ ತಿಂದು ತಿಂದು ಬೇಸತ್ತಿದ್ದ ಜನಕ್ಕೆ 1970ರ ಡಿಸೆಂಬರಿನಲ್ಲಿ ಇದನ್ನು ಟಿವಿಯಲ್ಲಿ ನೋಡಿ ಎಷ್ಟು ನಗು ಬಂದಿರಬೇಡ! ಮುಂದೆ ಇಂಟರ್ನೆಟ್ಟಿನ ಆರಂಭದ ದಿನಗಳಲ್ಲಿ, ಒಂದೇ ಸಂದೇಶವನ್ನು ಮತ್ತೆ ಮತ್ತೆ ತುರುಕಿ ಬೇರೆಯವರ ಮಾತನ್ನು ಮುಳುಗಿಸುವುದಕ್ಕೆ ಇದೇ ಹೆಸರು ಬಿತ್ತು. ನಮ್ಮ ಇಮೇಲಿನ 'ಸ್ಪ್ಯಾಮ್' ಫೋಲ್ಡರ್ ಹುಟ್ಟಿದ್ದು ಆ ಹೋಟೆಲಿನಲ್ಲಿ.

ಕೀರಲು ದನಿಯಲ್ಲಿ ಮೆನು ಒದರುವ ಆ ಹೆಂಗಸು ಹೆಂಗಸಲ್ಲ, ಟೆರಿ ಜೋನ್ಸ್. ಸ್ಕಿಟ್ ಬರೆದದ್ದೂ ಅವನು ಮತ್ತು ಅವನ ಗೆಳೆಯ ಮೈಕೆಲ್ ಪೇಲಿನ್. ಯಕ್ಷಗಾನದ ಸ್ತ್ರೀವೇಷ ನೋಡಿ ಬೆಳೆದವರಿಗೆ ಗಂಡಸು ಸೀರೆ ಉಡುವುದು ಹೊಸದೇನಲ್ಲ. ಆದರೆ ಜೋನ್ಸ್ ಚೆಲುವೆಯಾಗಲು ಹೋಗಲಿಲ್ಲ. ಬೀದಿ ಕೊನೆಯ ಅಂಗಡಿಯ ಮುಂದೆ ನಿಂತು ಊರಿನ ವಿಷಯವೆಲ್ಲ ಮಾತಾಡುವ, ಕೋಟು ಹಾಕಿದ ಮಧ್ಯವಯಸ್ಸಿನ ಹೆಂಗಸಾದ. ನನಗೆ ನಮ್ಮೂರಿನ ಒಂದಿಬ್ಬರು ನೆನಪಾದರು. ಹೆಸರು ಹೇಳಿದರೆ ಊರಿಗೆ ಹೋಗುವ ಹಾಗಿಲ್ಲ.

ಟೆರಿ ಹುಟ್ಟಿದ್ದು 1942ರ ಫೆಬ್ರುವರಿ 1ರಂದು, ವೇಲ್ಸಿನ ಉತ್ತರ ಕರಾವಳಿಯ ಕೋಲ್ವಿನ್ ಬೇ ಎಂಬ ಊರಿನಲ್ಲಿ. ಅಪ್ಪ ಬ್ಯಾಂಕಿನಲ್ಲಿ ಗುಮಾಸ್ತ, ಯುದ್ಧದಿಂದಾಗಿ ವಾಯುಪಡೆ ಸೇರಿದ್ದವರು. ಆ ದಿನಗಳಲ್ಲಿ ಅವರ ಪೋಸ್ಟಿಂಗ್ ನಮ್ಮ ಇಂಡಿಯಾದಲ್ಲಿ! ಹುಡುಗನಿಗೆ ನಾಲ್ಕೂವರೆ ವರ್ಷವಾದಾಗ ಸಂಸಾರ ಇಂಗ್ಲೆಂಡಿನ ಸರ‍್ರೆ ಕಡೆಗೆ ಬಂತು. ಊರು ಬಿಟ್ಟರೂ ಟೆರಿ ಕೊನೆಯವರೆಗೂ ತಾನು ವೇಲ್ಸಿನವನೆಂದೇ ಹೇಳಿಕೊಳ್ಳುತ್ತಿದ್ದ. ಗಿಲ್ಡ್‌ಫರ್ಡಿನ ಶಾಲೆಯಲ್ಲಿ ವಿದ್ಯಾರ್ಥಿ ನಾಯಕ, ಆಮೇಲೆ ಆಕ್ಸ್‌ಫರ್ಡಿನ ಸೇಂಟ್ ಎಡ್ಮಂಡ್ ಹಾಲ್‌ನಲ್ಲಿ ಇಂಗ್ಲಿಷ್ ಸಾಹಿತ್ಯ. ಅಲ್ಲಿ ಪೇಲಿನ್ ಸಿಕ್ಕಿದ. ಇಬ್ಬರೂ ಕಾಲೇಜಿನ ಹಾಸ್ಯ ಪ್ರದರ್ಶನಗಳಲ್ಲಿ ಸೇರಿಕೊಂಡರು. ಅಂದರೆ ನಮ್ಮ ಫೆಸ್ಟ್‌ಗಳ ಸ್ಕಿಟ್ ಟೀಮ್ ಇದ್ದ ಹಾಗೆ. ಓದು ಮುಗಿದ ಮೇಲೆ ಬಿಬಿಸಿಯಲ್ಲಿ 'ದಿ ಫ್ರಾಸ್ಟ್ ರಿಪೋರ್ಟ್' ಮುಂತಾದ ಕಾರ್ಯಕ್ರಮಗಳಿಗೆ ಜೋಕು ಬರೆದುಕೊಡುವ ಕೆಲಸ. ಬರೆದವರು ಇವರು, ತೆರೆಯ ಮೇಲೆ ಹೇಳಿ ಚಪ್ಪಾಳೆ ಗಿಟ್ಟಿಸುವವರು ಬೇರೆಯವರು.

ಈಗ ನನ್ನ ರೆಸ್ಯೂಮೆಗೆ ಸಂಬಂಧಪಟ್ಟ ಭಾಗ ಬರುತ್ತದೆ.

1967ರ ಕೊನೆಯಲ್ಲಿ ಐಟಿವಿಯಲ್ಲಿ ಸಂಜೆ ಶಾಲೆ ಬಿಟ್ಟು ಬಂದ ಮಕ್ಕಳಿಗಾಗಿ ಒಂದು ಕಾರ್ಯಕ್ರಮ ಶುರುವಾಯಿತು. ಹೆಸರು 'ಡು ನಾಟ್ ಅಡ್ಜಸ್ಟ್ ಯುವರ್ ಸೆಟ್'. ಟಿವಿ ಪ್ರಸಾರ ಕೆಟ್ಟಾಗ 'ನಿಮ್ಮ ಸೆಟ್ಟಿನ ಗುಂಡಿ ತಿರುಗಿಸಬೇಡಿ, ತೊಂದರೆ ನಮ್ಮಲ್ಲೇ' ಎಂದು ತೆರೆಯ ಮೇಲೆ ಹಾಕುತ್ತಿದ್ದ ಸೂಚನೆಯ ಅಣಕ ಅದು. ದೂರದರ್ಶನ ನೋಡಿ ಬೆಳೆದ ಅಪ್ಪನಿಗೆ ಇದನ್ನು ಹೇಳಿದಾಗ, 'ಓ, ನಮ್ಮ ರುಕಾವಟ್ ಕೇ ಲಿಯೇ ಖೇದ್ ಹೈ ಥರ' ಎಂದು ತಕ್ಷಣ ಹಿಡಿದುಬಿಟ್ಟರು. ಅದರಲ್ಲಿ ಬರೆಯುತ್ತಿದ್ದ, ನಟಿಸುತ್ತಿದ್ದ ಮೂವರು ಜೋನ್ಸ್, ಪೇಲಿನ್ ಮತ್ತು ಎರಿಕ್ ಐಡಲ್. ಜೊತೆಗೆ ಡೆನಿಸ್ ಕಾಫಿ, ಮುಂದೆ ಬ್ರಿಟನ್ನಿನ ಮನೆಮಾತಾದ ಡೇವಿಡ್ ಜೇಸನ್. ಹಾಡಿಗೆ ಬಾಂಜೊ ಡಾಗ್ ಡೂ-ಡಾ ಬ್ಯಾಂಡ್ ಎಂಬ ವಿಚಿತ್ರ ತಂಡ. ಎರಡನೇ ಸರಣಿಯಲ್ಲಿ ಅಮೆರಿಕದಿಂದ ಬಂದಿದ್ದ ಟೆರಿ ಗಿಲಿಯಮ್ ಎಂಬ ಚಿತ್ರಕಾರ ಕತ್ತರಿಸಿದ ಕಾಗದದ ಚಿತ್ರಗಳಿಂದ ಅನಿಮೇಷನ್ ಮಾಡಿಕೊಟ್ಟ.

ಉಳಿದಿರುವ ಕೆಲವು ಕಂತುಗಳನ್ನು ನೋಡಿದೆ. ಕಪ್ಪು ಬಿಳುಪು, ಅಗ್ಗದ ಸೆಟ್, ಒಂದೇ ಬಾಗಿಲಿನಿಂದ ಎಲ್ಲರೂ ಒಳಗೆ ಹೊರಗೆ. ಆದರೆ ಒಂದು ವಿಷಯ ಹೊಡೆದು ಕಾಣುತ್ತದೆ. 'ಪುಟಾಣಿಗಳೇ' ಎಂದು ಬಾಗಿ ಮಾತಾಡುವ ದನಿ ಎಲ್ಲೂ ಇಲ್ಲ. ಪೊಲೀಸ್, ಡಾಕ್ಟರ್, ಅಂಗಡಿಯವನು, ಮೇಷ್ಟ್ರು ಎಲ್ಲ ದೊಡ್ಡವರೂ ಗಂಭೀರ ಮುಖದಲ್ಲಿ ಅರ್ಥವಿಲ್ಲದ್ದನ್ನು ಮಾಡುತ್ತಿರುತ್ತಾರೆ. ಮಕ್ಕಳಿಗೆ ದೊಡ್ಡವರು ನಿಜಕ್ಕೂ ಹಾಗೇ ಕಾಣುತ್ತಾರಲ್ಲವೇ? ನಮ್ಮ ಶನಿವಾರದ ಸ್ಕಿಟ್‌ಗಳಲ್ಲಿ ನಾವು ಕೊನೆಗೆ ಒಂದು ನೀತಿ ಹೇಳಲೇಬೇಕು ಎಂದುಕೊಂಡಿದ್ದೆವು. ಕೈ ತೊಳೆಯಿರಿ, ಪ್ಲಾಸ್ಟಿಕ್ ಎಸೆಯಬೇಡಿ. ನೀತಿಯ ಭಾಗ ಬಂದ ಕೂಡಲೇ ಮೂರನೇ ಕ್ಲಾಸಿನ ಹುಡುಗರು ಕಿಟಕಿ ಕಡೆ ನೋಡುವುದು ಯಾಕೆಂದು ಈಗ ಅರ್ಥವಾಯಿತು.

ಈ ಮಕ್ಕಳ ಕಾರ್ಯಕ್ರಮಕ್ಕೆ ದೊಡ್ಡವರೂ ಅಂಟಿಕೊಂಡರು. ಅವರಲ್ಲಿ ಇಬ್ಬರು ಜಾನ್ ಕ್ಲೀಸ್ ಮತ್ತು ಗ್ರಹಾಂ ಚಾಪ್ಮನ್. ಕೇಂಬ್ರಿಜ್‌ನಲ್ಲಿ ಓದಿ ಆಗಲೇ ಹೆಸರು ಮಾಡಿದ್ದ ಬರಹಗಾರರು. ಕೆಲಸ ಬೇಗ ಮುಗಿಸಿ ಟಿವಿ ಮುಂದೆ ಕೂರುತ್ತಿದ್ದರಂತೆ. ಬಿಬಿಸಿ ಹೊಸ ಕಾರ್ಯಕ್ರಮ ಮಾಡಲು ಕ್ಲೀಸ್‌ಗೆ ಅವಕಾಶ ಕೊಟ್ಟಾಗ ಅವನು ಪೇಲಿನ್‌ಗೆ ಫೋನ್ ಮಾಡಿದ. ಪೇಲಿನ್ ಜೊತೆ ಜೋನ್ಸ್, ಐಡಲ್, ಗಿಲಿಯಮ್ ಬಂದರು. 1969ರ ಅಕ್ಟೋಬರ್ 5ರ ರಾತ್ರಿ 'ಮಾಂಟಿ ಪೈಥಾನ್ಸ್ ಫ್ಲೈಯಿಂಗ್ ಸರ್ಕಸ್' ಮೊದಲ ಬಾರಿ ಪ್ರಸಾರವಾಯಿತು. ಲೆಕ್ಕ ಹಾಕಿ, ಆರು ಜನರಲ್ಲಿ ನಾಲ್ವರು ಬಂದದ್ದು ಮಕ್ಕಳ ಕಾರ್ಯಕ್ರಮದಿಂದ! ಅವರ ರೆಸ್ಯೂಮೆಯಲ್ಲಿ ಆ ಸಾಲಿನ ಮೇಲೆ ಯಾರಾದರೂ ಕೆಂಪು ಗೆರೆ ಎಳೆದಿದ್ದರೆ ನಮ್ಮ ಲ್ಯಾಬಿನ ಭಾಷೆಗೆ ಬೇರೆ ಯಾವ ಹೆಸರಿರುತ್ತಿತ್ತೋ.

ಎಂಜಿನಿಯರಿಂಗ್ ಓದುವವಳಾಗಿ ನನಗೆ ಜೋನ್ಸ್ ಇಷ್ಟವಾದದ್ದು ನಟನೆಗಿಂತ ಒಂದು ಡಿಸೈನ್ ಸಮಸ್ಯೆಯನ್ನು ಬಿಡಿಸಿದ ರೀತಿಗೆ. ಆಗಿನ ಹಾಸ್ಯ ಕಾರ್ಯಕ್ರಮಗಳಲ್ಲಿ ಪ್ರತಿ ಸ್ಕಿಟ್ ಕೊನೆಗೂ ಒಂದು ಪಂಚ್ ಬೇಕಿತ್ತು. ನಡುವಿನ ಭಾಗ ಎಷ್ಟು ಚೆನ್ನಾಗಿದ್ದರೂ ಕೊನೆಯ ಸಾಲು ಸಪ್ಪೆಯಾದರೆ ಇಡೀ ಸ್ಕಿಟ್ ಬಿದ್ದುಹೋಗುತ್ತಿತ್ತು. ಸ್ಪೈಕ್ ಮಿಲಿಗನ್ ಎಂಬ ಹಿರಿಯ ಹಾಸ್ಯಗಾರನ 'ಕ್ಯೂ ಫೈವ್' ಕಾರ್ಯಕ್ರಮ 1969ರಲ್ಲಿ ಬಂದಾಗ ಅದರಲ್ಲಿ ಸ್ಕಿಟ್‌ಗಳು ಮುಗಿಯದೆಯೇ ನಿಂತುಹೋಗುವುದನ್ನು ಜೋನ್ಸ್ ನೋಡಿದ. ಗಿಲಿಯಮ್ ಮಕ್ಕಳ ಕಾರ್ಯಕ್ರಮಕ್ಕೆ ಮಾಡಿದ್ದ ಒಂದು ಅನಿಮೇಷನ್ನಿನಲ್ಲಿ ಒಂದು ಚಿತ್ರ ಇನ್ನೊಂದಕ್ಕೆ ಹಾಗೇ ಹರಿದುಹೋಗುವುದೂ ನೆನಪಿತ್ತು. ಎರಡನ್ನೂ ಕೂಡಿಸಿದರೆ? ಇಡೀ ಅರ್ಧ ಗಂಟೆ ಒಂದೇ ಹರಿವು. ಸ್ಕಿಟ್ ಬೇಸರವಾಗುವ ಮುನ್ನ ಅನಿಮೇಷನ್ ಬಂದು ಅದನ್ನು ನುಂಗಿ ಮುಂದಿನದರಲ್ಲಿ ಉಗುಳುತ್ತದೆ. ಈ ಆಕಾರಕ್ಕಾಗಿ ಹೆಚ್ಚು ಹಟ ಹಿಡಿದವನು ಜೋನ್ಸ್. ಎಡಿಟಿಂಗ್ ಕೋಣೆಯಲ್ಲೂ ಹೋಗಿ ಕೂರುತ್ತಿದ್ದ. ಬರಹಗಾರನಿಗೆ ಅಲ್ಲೇನು ಕೆಲಸ ಎಂದು ಕೇಳಿದವರಿದ್ದರೂ ಜಾಗ ಬಿಟ್ಟು ಏಳಲಿಲ್ಲ.

ಹಾಗೆ ಕೂತು ಕಲಿತದ್ದು ಮುಂದೆ ಸಿನಿಮಾ ನಿರ್ದೇಶನಕ್ಕೆ ಬಂತು. 1975ರ 'ಮಾಂಟಿ ಪೈಥಾನ್ ಅಂಡ್ ದಿ ಹೋಲಿ ಗ್ರೇಲ್' ಚಿತ್ರವನ್ನು ಇಬ್ಬರು ಟೆರಿಗಳೂ ಸೇರಿ ನಿರ್ದೇಶಿಸಿದರು. ದುಡ್ಡು ಹಾಕಿದವರಲ್ಲಿ ಪಿಂಕ್ ಫ್ಲಾಯ್ಡ್, ಲೆಡ್ ಜೆಪ್ಲಿನ್ ಬ್ಯಾಂಡಿನವರಿದ್ದರು. ಆದರೂ ಕುದುರೆಗೆ ದುಡ್ಡಿಲ್ಲ. ರಾಜ ಕುದುರೆ ಮೇಲೆ ಬಂದಂತೆ ಕುಣಿಯುತ್ತಾ ಬರುತ್ತಾನೆ, ಹಿಂದೆ ಆಳು ಎರಡು ತೆಂಗಿನ ಚಿಪ್ಪು ತಟ್ಟುತ್ತಾ ಗೊರಸಿನ ಸದ್ದು ಮಾಡುತ್ತಾನೆ. ತಿಪಟೂರು ಕಡೆಯವಳಾದ ನನಗೆ ತೆಂಗಿನ ಚಿಪ್ಪಿಗೆ ಇಂಥ ಕೀರ್ತಿ ಬಂದದ್ದು ಹೆಮ್ಮೆಯೇ. ಕೋಟೆಗಳಲ್ಲಿ ಶೂಟಿಂಗಿಗೆ ಕೊಟ್ಟ ಅನುಮತಿಯನ್ನು ಕೊನೆ ಗಳಿಗೆಯಲ್ಲಿ ಹಿಂದಕ್ಕೆ ಪಡೆದಾಗ, ಸ್ಕಾಟ್ಲೆಂಡಿನ ಡೂನ್ ಕೋಟೆಯೊಂದನ್ನೇ ಬೇರೆ ಬೇರೆ ಕಡೆಯಿಂದ ಚಿತ್ರೀಕರಿಸಿ ಹಲವು ಕೋಟೆಗಳೆಂದು ತೋರಿಸಿದರು. ಮಿನಿ ಪ್ರಾಜೆಕ್ಟಿಗೆ ಒಂದೇ ಸೆನ್ಸರ್ ಇಟ್ಟುಕೊಂಡು ನಾಲ್ಕು ಟೀಮ್ ವೈವಾ ಕೊಟ್ಟ ನಮಗೆ ಈ ಕಷ್ಟ ಗೊತ್ತು.

1979ರ 'ಲೈಫ್ ಆಫ್ ಬ್ರಯಾನ್' ಜೋನ್ಸ್ ಒಬ್ಬನದೇ ನಿರ್ದೇಶನ. ಕತೆ ಕೇಳಿ ಹೆದರಿದ ಇಎಂಐ ಕಂಪನಿ ಕೊನೆಯಲ್ಲಿ ಹಿಂದೆ ಸರಿಯಿತು. ಬೀಟಲ್ಸ್‌ನ ಜಾರ್ಜ್ ಹ್ಯಾರಿಸನ್ ತಾನೇ ಹ್ಯಾಂಡ್‌ಮೇಡ್ ಫಿಲ್ಮ್ಸ್ ಎಂಬ ಸಂಸ್ಥೆ ಕಟ್ಟಿ ದುಡ್ಡು ಹಾಕಿದ. ಯಾಕೆ ಎಂದರೆ, ಅವನಿಗೆ ಆ ಸಿನಿಮಾ ನೋಡಬೇಕಿತ್ತು, ಅಷ್ಟೇ. ಧರ್ಮದ ಅವಹೇಳನವೆಂದು ಐರ್ಲೆಂಡ್, ನಾರ್ವೆಗಳಲ್ಲಿ ನಿಷೇಧವಾಯಿತು. ಬ್ರಿಟನ್ನಿನಲ್ಲೂ ಕೆಲವು ಊರಾಡಳಿತಗಳು ತಡೆದವು. ಅದರಲ್ಲಿ ನಾಯಕಿಯಾಗಿದ್ದ ವೇಲ್ಸಿನ ಸ್ಯೂ ಜೋನ್ಸ್-ಡೇವಿಸ್ ಮುಂದೆ ಅಬರಿಸ್ಟ್‌ವಿತ್ ಪಟ್ಟಣದ ಮೇಯರ್ ಆದರು. ಆಕೆಯ ಅವಧಿಯಲ್ಲಿ, 2009ರಲ್ಲಿ, ಆ ಊರಿನಲ್ಲಿ ಚಿತ್ರದ ವಿಶೇಷ ಪ್ರದರ್ಶನ ನಡೆಯಿತು. ಜೋನ್ಸ್ ಮತ್ತು ಪೇಲಿನ್ ಖುದ್ದಾಗಿ ಬಂದಿದ್ದರು.

ದೊಡ್ಡ ಹೆಸರು ಬಂದ ಮೇಲೆ ಜೋನ್ಸ್ ಮಕ್ಕಳ ಕಡೆಗೆ ವಾಪಸು ಬಂದ. ಇದನ್ನು ನಾನು ನಿರೀಕ್ಷಿಸಿರಲಿಲ್ಲ. ಮಗಳು ಸ್ಯಾಲಿ ಚಿಕ್ಕವಳಿದ್ದಾಗ ಅವಳಿಗಾಗಿ ಬರೆದ ಕತೆಗಳು 1981ರಲ್ಲಿ 'ಫೇರಿ ಟೇಲ್ಸ್' ಎಂಬ ಪುಸ್ತಕವಾದವು. ಮಗ ಬಿಲ್‌ಗಾಗಿ ಬರೆದ 'ದಿ ಸಾಗಾ ಆಫ್ ಎರಿಕ್ ದಿ ವೈಕಿಂಗ್' 1983ರಲ್ಲಿ ಬಂತು. ಎರಡಕ್ಕೂ ಮೈಕೆಲ್ ಫೋರ್ಮನ್ ಚಿತ್ರ ಬರೆದರು. ಆ ಫೇರಿ ಟೇಲ್‌ಗಳೇ 1988ರಲ್ಲಿ 'ಈಸ್ಟ್ ಆಫ್ ದಿ ಮೂನ್' ಎಂಬ ಟಿವಿ ಸರಣಿಯಾದವು. ಜಿಮ್ ಹೆನ್ಸನ್ ಗೊಂಬೆಗಳನ್ನಿಟ್ಟು ಮಾಡಿದ 1986ರ 'ಲ್ಯಾಬಿರಿಂತ್' ಚಿತ್ರದ ಚಿತ್ರಕತೆಯಲ್ಲಿ ಇವನ ಹೆಸರಿದೆ. ಬಿಡುಗಡೆಯಾದಾಗ ಅದು ಸೋತಿತು, ಈಗ ಅದಕ್ಕೆ ದೊಡ್ಡ ಅಭಿಮಾನಿ ಬಳಗವಿದೆ. 1996ರಲ್ಲಿ ಬಂದ 'ಬ್ಲೇಜಿಂಗ್ ಡ್ರಾಗನ್ಸ್' ಕಾರ್ಟೂನಿನಲ್ಲಿ ವೀರರೆಲ್ಲ ಡ್ರಾಗನ್‌ಗಳು, ತೊಂದರೆ ಕೊಡುವವರು ಮನುಷ್ಯರು. ಅದೇ ವರ್ಷ 'ದಿ ವಿಂಡ್ ಇನ್ ದಿ ವಿಲೋಸ್' ಸಿನಿಮಾ ಮಾಡಿ ಕಪ್ಪೆರಾಯನ ಪಾತ್ರವನ್ನು ತಾನೇ ಹಾಕಿದ. ಹಸಿರು ಬಣ್ಣ ಬಳಿದುಕೊಂಡು ಕಾರು ಓಡಿಸುವಾಗ ಅವನಿಗೆ ಐವತ್ತು ದಾಟಿತ್ತು.

ನಡುವೆ 1980ರಲ್ಲಿ 'ಚಾಸರ್ಸ್ ನೈಟ್' ಎಂಬ ಗಂಭೀರ ಸಂಶೋಧನಾ ಪುಸ್ತಕ ಬರೆದ. ಚಾಸರ್ ಕವಿಯ ಆದರ್ಶ ವೀರ ನಿಜದಲ್ಲಿ ದುಡ್ಡಿಗೆ ಯುದ್ಧ ಮಾಡುವ ಬಾಡಿಗೆ ಸಿಪಾಯಿ ಎಂಬ ವಾದ. ವಿದ್ವಾಂಸರೆಲ್ಲ ಒಪ್ಪಲಿಲ್ಲ, ಆದರೆ ಅದನ್ನು ಬದಿಗಿಡಲೂ ಆಗಲಿಲ್ಲ. ಟಿವಿಗೆ ಇತಿಹಾಸದ ಸಾಕ್ಷ್ಯಚಿತ್ರಗಳನ್ನೂ ಮಾಡಿದ. 2005ರ 'ದಿ ಸ್ಟೋರಿ ಆಫ್ ಒನ್' ನಮ್ಮಂಥವರು ನೋಡಬೇಕಾದದ್ದು. ಸಂಖ್ಯೆಗಳು ಹುಟ್ಟಿದ ಕತೆ ಸುಮೇರಿಯಾವನ್ನು ಹಾದು, ಭಾರತ ಕೊಟ್ಟ ಸೊನ್ನೆ ಮತ್ತು ಅಂಕಿಗಳನ್ನು ದಾಟಿ, ಲೈಬ್ನಿಜ್‌ನ ಬೈನರಿಗೆ, ಅಲ್ಲಿಂದ ಕಂಪ್ಯೂಟರಿಗೆ ಬರುತ್ತದೆ. ಒಂದು ಗಂಟೆಯಲ್ಲಿ ನಗುತ್ತಾ ನಗುತ್ತಾ. ನಮ್ಮ ಡಿಜಿಟಲ್ ಲಾಜಿಕ್ ಮೊದಲ ಮಾಡ್ಯೂಲ್ ಹೀಗಿದ್ದಿದ್ದರೆ ಎಂದುಕೊಂಡೆ.

ಮುಂದಿನದನ್ನು ಬರೆಯುವುದು ನನಗೆ ಅಷ್ಟು ಸುಲಭವಲ್ಲ. 2014ರ ಜುಲೈಯಲ್ಲಿ ಉಳಿದಿದ್ದ ಐವರು ಪೈಥಾನ್‌ಗಳು ಲಂಡನ್ನಿನ ಓ2 ಅರೀನಾದಲ್ಲಿ ಹತ್ತು ಪ್ರದರ್ಶನ ಕೊಟ್ಟರು. ಚಾಪ್ಮನ್ 1989ರಲ್ಲೇ ತೀರಿಕೊಂಡಿದ್ದ. ದಶಕಗಳ ಹಿಂದೆ ತಾನೇ ಬರೆದ ಸಾಲುಗಳು ಜೋನ್ಸ್‌ಗೆ ನೆನಪಾಗುತ್ತಿರಲಿಲ್ಲ. ಟೆಲಿಪ್ರಾಂಪ್ಟರ್ ನೋಡಿ ಹೇಳಬೇಕಾಯಿತು. ಮರುವರ್ಷ ಕಾಯಿಲೆಗೆ ಹೆಸರು ಸಿಕ್ಕಿತು, ಪ್ರೈಮರಿ ಪ್ರೋಗ್ರೆಸಿವ್ ಅಫೇಸಿಯಾ. ಮಿದುಳಿನಲ್ಲಿ ಭಾಷೆಯನ್ನು ನೋಡಿಕೊಳ್ಳುವ ಭಾಗ ನಿಧಾನವಾಗಿ ಸವೆಯುತ್ತಾ ಹೋಗುವ ಒಂದು ಬಗೆಯ ಡಿಮೆನ್ಶಿಯಾ. ಮೊದಲು ಪದ, ಆಮೇಲೆ ವಾಕ್ಯ, ಕೊನೆಗೆ ಮಾತೇ ಹೋಗುತ್ತದೆ.

ಅಫೇಸಿಯಾ ಎಂಬ ಪದ ನಮ್ಮ ಮನೆಗೆ ಹೊಸದಲ್ಲ. ನಮ್ಮ ತಾತ ಬಸ್ ಕಂಡಕ್ಟರ್ ಆಗಿದ್ದವರು. ಚಿಲ್ಲರೆ ಇಲ್ಲದಿದ್ದರೂ ಜಗಳವಾಗದಂತೆ ತಮಾಷೆ ಮಾಡಿ ಇಡೀ ಬಸ್ಸನ್ನು ನಗಿಸುತ್ತಿದ್ದರಂತೆ. ಎರಡು ವರ್ಷದ ಹಿಂದೆ ಸ್ಟ್ರೋಕ್ ಆಯಿತು. ಕೈಕಾಲು ಸುಧಾರಿಸಿತು, ಮಾತು ಬರಲಿಲ್ಲ. ನೀರು, ಚಪ್ಪಲಿ, ನನ್ನ ಹೆಸರು, ಎಲ್ಲದಕ್ಕೂ 'ಅದು'. ಸ್ಪೀಚ್ ಥೆರಪಿಸ್ಟ್ ಹೇಳಿದ್ದು ಇಷ್ಟು: ಅವರಿಗೆ ಎಲ್ಲ ಅರ್ಥವಾಗುತ್ತದೆ, ಹೇಳಬೇಕಾದದ್ದೂ ಗೊತ್ತಿದೆ, ಪದ ಮಾತ್ರ ಕೈಗೆ ಸಿಗುತ್ತಿಲ್ಲ. ಸ್ಟ್ರೋಕಿನದು ಒಮ್ಮೆಗೇ ಬಂದದ್ದು, ಅಭ್ಯಾಸ ಮಾಡಿಸಿದರೆ ಸ್ವಲ್ಪ ಸ್ವಲ್ಪ ವಾಪಸು ಬರಬಹುದು. ಜೋನ್ಸ್‌ಗೆ ಬಂದ ಬಗೆಯದಕ್ಕೆ ಆ ಭರವಸೆ ಇಲ್ಲ, ಅದು ಒಂದೇ ದಿಕ್ಕಿಗೆ ಹೋಗುತ್ತದೆ.

2016ರ ಅಕ್ಟೋಬರಿನಲ್ಲಿ ಕಾರ್ಡಿಫ್‌ನಲ್ಲಿ ಬಾಫ್ಟಾ ಕಮ್ರಿ, ಅಂದರೆ ವೇಲ್ಸಿನ ಬಾಫ್ಟಾ, ಜೋನ್ಸ್‌ಗೆ ವಿಶೇಷ ಪ್ರಶಸ್ತಿ ಕೊಟ್ಟಿತು. ಕೊಟ್ಟವನು ಪೇಲಿನ್. ವೇದಿಕೆಗೆ ಜೊತೆಯಲ್ಲಿ ಬಂದವನು ಮಗ ಬಿಲ್, ವೈಕಿಂಗ್ ಕತೆ ಯಾರಿಗಾಗಿ ಬರೆದದ್ದೋ ಅವನು. ಆ ವಿಡಿಯೋವನ್ನು ನಾನು ಪೂರ್ತಿ ನೋಡಲಿಲ್ಲ, ಅರ್ಧಕ್ಕೆ ನಿಲ್ಲಿಸಿದೆ. 2020ರ ಜನವರಿ 21ರಂದು ಲಂಡನ್ನಿನ ಮನೆಯಲ್ಲಿ ಜೋನ್ಸ್ ತೀರಿಕೊಂಡ. 77 ವರ್ಷ.

ರೆಸ್ಯೂಮೆಯಲ್ಲಿ ಆ ಸಾಲನ್ನು ಮತ್ತೆ ಹಾಕಿದ್ದೇನೆ. ಹಾಕಬೇಕೋ ಬೇಡವೋ ಎಂದು ರೂಮ್‌ಮೇಟ್ ಜೊತೆ ಎರಡು ದಿನ ವಾದವಾಯಿತು. ಅವಳ ಪ್ರಕಾರ ಎಚ್‌ಆರ್ ಅದನ್ನೇ ಹಿಡಿದು ಐದು ನಿಮಿಷ ಕೇಳಿದರೆ ಏನು ಹೇಳುತ್ತೀಯ ಎಂಬುದು ಪ್ರಶ್ನೆ. ಸರಿಯಾದ ಪ್ರಶ್ನೆಯೇ. ಉತ್ತರ ತಯಾರು ಮಾಡುತ್ತಿದ್ದೇನೆ.

ದೀಪಾವಳಿಗೆ ಊರಿಗೆ ಹೋದಾಗ ತಾತನಿಗೆ ಮೊಬೈಲಿನಲ್ಲಿ ಜೋನ್ಸ್‌ನ ಒಂದು ತುಣುಕು ತೋರಿಸಿದೆ. ಫ್ಲೈಯಿಂಗ್ ಸರ್ಕಸ್‌ನ ಮೊದಲ ಸರಣಿಯದು, ಹಳೆಯ ಮೂಕಿ ಚಿತ್ರದಂತೆ ಮಾತಿಲ್ಲ. ಸಮುದ್ರ ತೀರಕ್ಕೆ ಬಂದ ಒಬ್ಬ ಸಭ್ಯ ಮನುಷ್ಯ ಈಜಿನ ಚಡ್ಡಿ ಹಾಕಿಕೊಳ್ಳಬೇಕು, ಯಾರಿಗೂ ಕಾಣದಂತೆ ಬಟ್ಟೆ ಬದಲಿಸಲು ಜಾಗ ಹುಡುಕುತ್ತಾನೆ. ಎಲ್ಲಿ ಮರೆಗೆ ಹೋದರೂ ಆ ಮರೆಯೇ ಸರಿದುಹೋಗುತ್ತದೆ, ಎಲ್ಲಿ ನೋಡಿದರೂ ಜನ. ತಾತ ಮೊದಲು ಸುಮ್ಮನೆ ನೋಡಿದರು. ಆಮೇಲೆ ಹೊಟ್ಟೆ ಕುಲುಕತೊಡಗಿತು. ಕಣ್ಣೊರೆಸಿಕೊಂಡು, 'ಅದು... ಅದು...' ಎನ್ನುತ್ತಾ ಎದ್ದು ನಿಂತರು. ಹೆಗಲ ಮೇಲಿದ್ದ ಟವೆಲನ್ನು ಸೊಂಟಕ್ಕೆ ಸುತ್ತಿ, ಒಂದು ತುದಿಯನ್ನು ಹಲ್ಲಿನಲ್ಲಿ ಕಚ್ಚಿ, ಕೆರೆ ಸೋಪಾನದ ಮೇಲೆ ನಾಲ್ಕು ಜನರ ಮುಂದೆ ಪಂಚೆ ಬದಲಿಸುವುದು ಹೇಗೆಂದು ಆ ಬ್ರಿಟಿಷರವನಿಗೆ ಮಾಡಿ ತೋರಿಸಿದರು. ಅಜ್ಜಿ ಒಳಗಿನಿಂದ ಬಂದು, 'ಏನ್ರೀ ಇದು, ಮೊಮ್ಮಗಳ ಮುಂದೆ!' ಎಂದು ಬೈದರು. ತಾತ ಮೊಬೈಲಿನ ಕಡೆ ಬೆರಳು ತೋರಿಸಿ, ಇನ್ನೊಮ್ಮೆ ಹಾಕು ಎಂದು ಸನ್ನೆ ಮಾಡಿದರು.